ಕ್ವಾರೋನ್ ಅನ್ನೋ ಆಲ್‌ರೌಂಡರ್

ಮೆಕ್ಸಿಕೋದ ಡೈರೆಕ್ಟರ್ ಅಲ್ಫೊನ್ಸೊ ಕ್ವಾರೋನ್‌ನ ‘ರೋಮಾ’ (2018) ಕ್ರೆಡಿಟ್ಸ್ ನೋಡಿದ್ರೆ ನಗು ಬರುತ್ತೆ, ಕಥೆ ಅವ್ನೇ, ಡೈರೆಕ್ಷನ್ ಅವ್ನೇ, ಕ್ಯಾಮೆರಾನೂ ಅವ್ನೇ, ಎಡಿಟಿಂಗಲ್ಲೂ ಪಾಲು, ಪ್ರೊಡ್ಯೂಸರ್‌ಗಳಲ್ಲೂ ಒಬ್ಬ. ಕ್ಯಾಮೆರಾ ಮಾತ್ರ ಹಠಕ್ಕೆ ಹಿಡಿದಿದ್ದಲ್ಲ, ಹಳೇ ಗೆಳೆಯ, ಕ್ಯಾಮೆರಾಮನ್ ಲುಬೆಜ್ಕಿಗೆ ಡೇಟ್ಸ್ ಹೊಂದ್ಲಿಲ್ಲ ಅಂತ ತಾನೇ ಇಳಿದ, ಕೊನೆಗೆ ಡೈರೆಕ್ಷನ್ ಜೊತೆ ಸಿನಿಮಾಟೋಗ್ರಫಿಗೂ ಆಸ್ಕರ್ ಹೊಡ್ಕೊಂಡು ಹೋದ! ಅವ್ನದೇ ಹಿಂದಿನ ಸಿನಿಮಾ ‘ಗ್ರಾವಿಟಿ’ಯ ಎಡಿಟಿಂಗ್ ಆಸ್ಕರ್ ಬೇರೆ ಮೊದ್ಲೇ ಮನೇಲಿತ್ತು. 2004ರಲ್ಲಿ ಒಂದು ಹ್ಯಾರಿ ಪಾಟರ್ ಕೂಡ ಮಾಡಿದ್ದ, ಮಕ್ಕಳ ಸಿನಿಮಾ ಅಂತ ಉದಾಸೀನ ಮಾಡ್ಬೇಡಿ, ಆ ಸೀರೀಸಲ್ಲಿ ನಂಗೆ ಅದೇ ಬೆಸ್ಟು.

ಎಲ್ಲಾ ಒಬ್ನೇ ಮಾಡ್ತೀನಿ ಅನ್ನೋರನ್ನ ಕಂಡ್ರೆ ನಂಗೆ ಸ್ವಲ್ಪ ಅನುಮಾನಾನೇ, ಅಹಂಕಾರದ ವಾಸನೆ ಹೊಡಿಯುತ್ತೆ. ‘ರೋಮಾ’ದಲ್ಲಿ ಹಾಗನ್ಸಲಿಲ್ಲ, ಮೆಕ್ಸಿಕೋ ಸಿಟೀಲಿ ತನ್ನನ್ನ ಎತ್ತಿ ಆಡಿಸಿದ ಮನೆಕೆಲಸದಾಕೆಯ ನೆನಪು ಅದು, ಬೇರೆಯವ್ರ ಕೈಗೆ ಕೊಡೋಕೆ ಮನಸ್ಸು ಬರ್ತಿತ್ತೋ ಇಲ್ವೋ.