ಹೆಡ್‌ಸೆಟ್ ಮೈಕ್ ರಿಪೇರಿ: ಒಂದು ತೊಂದರೆ ಹುಡುಕಿ ಹೊರಟೆ, ನಾಲ್ಕು ಸಿಕ್ಕವು

ಶುಕ್ರವಾರ ರಾತ್ರಿ

ವಾರಕ್ಕೊಂದು ಸಲ ನಾವು ನಾಲ್ಕು ಜನ ಹಳೇ ಹಾಸ್ಟೆಲ್ ಗೆಳೆಯರು ಆನ್‌ಲೈನಿನಲ್ಲಿ ಸೇರುತ್ತೇವೆ. ಒಬ್ಬ ಹುಬ್ಬಳ್ಳಿಯಲ್ಲಿದ್ದಾನೆ, ಒಬ್ಬ ಪುಣೆಯಲ್ಲಿ, ಇಬ್ಬರು ಬೆಂಗಳೂರಿನಲ್ಲಿ. ವ್ಯಾಲರೆಂಟ್ ಆಡುವುದು ನೆಪ, ಹರಟೆಯೇ ಮುಖ್ಯ. ಇವತ್ತು ಸೇರಿದ ಐದೇ ನಿಮಿಷಕ್ಕೆ ಹುಬ್ಬಳ್ಳಿಯವನು ಅಂದ: "ಲೇ ದೋಸ್ತ, ನಿನ್ ದನಿ ಕೇಳ್ಸವಲ್ದು." ನನಗೆ ಅವರ ಮಾತೆಲ್ಲ ಸ್ಪಷ್ಟವಾಗಿ ಕೇಳುತ್ತಿತ್ತು. ನಾನು ಆಡಿದ್ದು ಮಾತ್ರ ಯಾರಿಗೂ ತಲುಪುತ್ತಿರಲಿಲ್ಲ. ಮೂರು ಜನ ನಗುತ್ತಾ ಮಾತಾಡುವಾಗ ನಾನೊಬ್ಬನೇ ಟೈಪ್ ಮಾಡುತ್ತಾ ಕೂತಿದ್ದೆ. ತುಂಬ ಬೇಜಾರಾಯಿತು.

ಹೆಡ್‌ಸೆಟ್ ಮೂರು ವರ್ಷ ಹಳೇದು, ವೈರ್ ಇರುವಂಥದ್ದು. ಎಡಗಿವಿಯ ಕಪ್ಪಿನಿಂದ ಬಾಯಿಯ ಹತ್ತಿರಕ್ಕೆ ಮೈಕಿನ ಕಡ್ಡಿ ಬರುತ್ತದೆ. ವೈರಿನ ನಡುವೆ ಒಂದು ಚಿಕ್ಕ ಡಬ್ಬಿ ಇದೆ. ಅದರಲ್ಲಿ ವಾಲ್ಯೂಮ್ ಗಾಲಿ, ಮೈಕ್ ಆಫ್ ಮಾಡುವ ಸ್ಲೈಡರ್. ತುದಿಯಲ್ಲಿ 3.5 ಎಂಎಂ ಪ್ಲಗ್. ನನ್ನ ಪಿಸಿಯಲ್ಲಿ ಮೈಕಿಗೂ ಸ್ಪೀಕರಿಗೂ ಬೇರೆ ಬೇರೆ ತೂತು. ಹಾಗಾಗಿ ನಡುವೆ ಒಂದು ಸ್ಪ್ಲಿಟರ್ ಹಾಕಿಕೊಂಡಿದ್ದೇನೆ. ಒಂದು ಕಡೆ ಸ್ಪೀಕರಿಗೆ ಹಸಿರು ಪಿನ್, ಇನ್ನೊಂದು ಕಡೆ ಮೈಕಿಗೆ ಗುಲಾಬಿ ಪಿನ್.

ಕಿವಿಯ ಮೆತ್ತೆ ಇನ್ನೂ ಹೊಸದರಂತಿದೆ, ಸೌಂಡ್ ಚೆನ್ನಾಗಿದೆ. ಬಿಸಾಡಲು ಮನಸ್ಸು ಬರಲಿಲ್ಲ. ರಿಪೇರಿ ಮಾಡೇ ಮಾಡುತ್ತೇನೆ ಅಂತ ತೀರ್ಮಾನಿಸಿದೆ.

ಶನಿವಾರ ಬೆಳಿಗ್ಗೆ

ಸ್ಕ್ರೂಡ್ರೈವರ್ ಮುಟ್ಟುವ ಮುಂಚೆ ಒಂದು ವಿಷಯ ಗೊತ್ತಾಗಬೇಕಿತ್ತು. ತೊಂದರೆ ಹೆಡ್‌ಸೆಟ್ಟಿನಲ್ಲೋ, ಪಿಸಿಯಲ್ಲೋ? ಅಮ್ಮನ ಹಳೇ ಫೋನಿಗೆ ಹೆಡ್‌ಫೋನ್ ತೂತು ಇದೆ. ಸ್ಪ್ಲಿಟರ್ ಬಿಟ್ಟು ಹೆಡ್‌ಸೆಟ್ಟನ್ನು ನೇರವಾಗಿ ಅದಕ್ಕೆ ಚುಚ್ಚಿ, ರೆಕಾರ್ಡರ್ ಆನ್ ಮಾಡಿ ಮಾತಾಡಿದೆ.

ಇಲ್ಲಿ ಒಂದು ಎಚ್ಚರ ಬೇಕು. ಹೆಡ್‌ಸೆಟ್ ಮೈಕ್ ಸಿಗದಿದ್ದರೆ ಫೋನು ತನ್ನದೇ ಮೈಕಿನಿಂದ ರೆಕಾರ್ಡ್ ಮಾಡಿಕೊಳ್ಳುತ್ತದೆ. ನಾವು "ಅರೆ, ಸರಿಯಾಗಿದೆಯಲ್ಲ" ಅಂದುಕೊಂಡು ಮೋಸ ಹೋಗುತ್ತೇವೆ. ಅದಕ್ಕೇ ಮಾತಿನ ಜೊತೆ ಮೈಕಿನ ಸ್ಪಂಜನ್ನು ಉಗುರಿನಿಂದ ಮೆಲ್ಲಗೆ ಕೆರೆಯಬೇಕು. ಆ ಕೆರೆತ ಕಿವಿಗೆ ರಾಚುವಷ್ಟು ಜೋರಾಗಿ ಕೇಳಿದರೆ ಮಾತ್ರ ಅದು ಹೆಡ್‌ಸೆಟ್ಟಿನ ಮೈಕು.

ಕೆರೆತ ಕೇಳಿಸಿತು. ಆದರೆ ಬಿಟ್ಟು ಬಿಟ್ಟು. ಮಧ್ಯೆ ಚರಚರ, ಮತ್ತೆ ಮೌನ, ಮತ್ತೆ ಮಾತು. ಅಂದರೆ ಫೋನಿನಲ್ಲಿ ಅರೆಜೀವ, ಪಿಸಿಯಲ್ಲಿ ಪೂರ್ತಿ ಸತ್ತಿದೆ. ಎರಡೂ ಒಂದೇ ಥರ ಇಲ್ಲ ಅಂದಮೇಲೆ ತೊಂದರೆಯೂ ಒಂದೇ ಇರಲಿಕ್ಕಿಲ್ಲ ಅಲ್ವಾ?

ಮೊದಲು ಪಿಸಿ ಕಡೆಯದು ನೋಡಿದೆ. ವಿಂಡೋಸಿನ ಪ್ರೈವಸಿ ಸೆಟ್ಟಿಂಗಿನಲ್ಲಿ ಮೈಕಿಗೆ ಅನುಮತಿ ಇತ್ತು. ನಾವು ಮಾತಾಡಲು ಬಳಸುವ ಆ್ಯಪ್ ಡಿಸ್ಕಾರ್ಡಿನಲ್ಲಿ ಇನ್‌ಪುಟ್ ಸಾಧನವೂ ಸರಿ ಇತ್ತು. ಸೌಂಡ್ ಸೆಟ್ಟಿಂಗಿನ ರೆಕಾರ್ಡಿಂಗ್ ಪುಟ ತೆಗೆದಾಗ ಕಣ್ಣಿಗೆ ಬಿತ್ತು. ಮೈಕ್ರೋಫೋನ್ ಎದುರು 'ಪ್ಲಗ್ ಮಾಡಿಲ್ಲ' ಅಂತಿದೆ. ಅದರ ಕೆಳಗೆ 'ಲೈನ್ ಇನ್' ಎದುರು ಹಸಿರು ಟಿಕ್!

ಟಾರ್ಚ್ ಹಿಡಿದು ಕ್ಯಾಬಿನೆಟ್ಟಿನ ಹಿಂದೆ ಬಗ್ಗಿ ನೋಡಿದೆ. ಗುಲಾಬಿ ಪಿನ್ನು ಗುಲಾಬಿ ತೂತು ಬಿಟ್ಟು ನೀಲಿ ತೂತಿನಲ್ಲಿ, ಅಂದರೆ ಲೈನ್ ಇನ್‌ನಲ್ಲಿ ಕೂತಿತ್ತು. ಹಿಂದಿನ ವಾರ ಆಯುಧ ಪೂಜೆಗೆ ಪಿಸಿಯ ಧೂಳು ಹೊಡೆದು, ಒರೆಸಿ, ಕುಂಕುಮ ಇಟ್ಟು ಮತ್ತೆ ವೈರ್ ಚುಚ್ಚಿದ್ದು ನಾನೇ. ಮೇಜಿನ ಕೆಳಗಿನ ಕತ್ತಲಲ್ಲಿ ಅದಲು ಬದಲಾಗಿದೆ.

ನೀಲಿ ತೂತಿನಲ್ಲಿ ಸದ್ದು ಸಣ್ಣಗಾದರೂ ಬರಬೇಕಿತ್ತಲ್ಲ, ಪೂರ್ತಿ ಮೌನ ಯಾಕೆ? ಕಾರಣ ಮೈಕಿನೊಳಗಿದೆ. ಇಂಥ ಹೆಡ್‌ಸೆಟ್ಟುಗಳಲ್ಲಿ ಇರುವುದು ಇಲೆಕ್ಟ್ರೆಟ್ ಮೈಕು. ಬೆಲ್ ಲ್ಯಾಬ್ಸ್‌ನಲ್ಲಿ ಗೆರ್ಹಾರ್ಡ್ ಸೆಸ್ಲರ್ ಮತ್ತು ಜೇಮ್ಸ್ ವೆಸ್ಟ್ 1962ರಲ್ಲಿ ಮಾಡಿದ್ದು ಇದರ ಮೂಲ. ಒಳಗೆ ತೆಳು ಪದರವೊಂದು ವಿದ್ಯುತ್ತಿನ ಚಾರ್ಜನ್ನು ಖಾಯಂ ಹಿಡಿದಿಟ್ಟುಕೊಂಡಿರುತ್ತದೆ. ಪೊರೆ ಅದುರಿದಾಗ ಹುಟ್ಟುವ ಸಿಗ್ನಲ್ ಬಹಳ ಸೂಕ್ಷ್ಮ. ಅದನ್ನು ವೈರಿಗೆ ದಾಟಿಸಲು ಅಲ್ಲೇ ಒಂದು ಪುಟ್ಟ ಟ್ರಾನ್ಸಿಸ್ಟರ್ ಇದೆ. ಆ ಟ್ರಾನ್ಸಿಸ್ಟರಿಗೆ ಹೊರಗಿನಿಂದ ಒಂದಿಷ್ಟು ವೋಲ್ಟೇಜ್ ಬೇಕು. ಗುಲಾಬಿ ತೂತು ಅದನ್ನು ಕೊಡುತ್ತದೆ. ನನ್ನ ಬೋರ್ಡಿನಲ್ಲಿ ಅಳೆದಾಗ ಮಲ್ಟಿಮೀಟರ್ 2.6 ವೋಲ್ಟ್ ತೋರಿಸಿತು. ನೀಲಿ ತೂತು ಕೊಡುವುದಿಲ್ಲ. ಅದು ತಾನೇ ಗಟ್ಟಿ ಸಿಗ್ನಲ್ ಕಳಿಸುವ ಪ್ಲೇಯರ್‌ನಂಥ ಯಂತ್ರಕ್ಕಾಗಿ ಇರುವುದು. ಊಟ ಸಿಗದ ಮೈಕು ಬಾಯಿ ಬಿಡಲಿಲ್ಲ, ಅಷ್ಟೇ.

ಪಿನ್ನು ಬದಲಿಸಿದೆ. ಈಗ ಪಿಸಿಯಲ್ಲೂ ಫೋನಿನ ಥರವೇ ಚರಚರ ಶುರುವಾಯಿತು. ಖುಷಿಯಾಯಿತು. ಎರಡೂ ಕಡೆ ಒಂದೇ ಲಕ್ಷಣ ಅಂದರೆ ಉಳಿದಿದ್ದು ಹೆಡ್‌ಸೆಟ್ಟಿನೊಳಗೇ ಇದೆ.

ಶನಿವಾರ ಸಂಜೆ

ವೈರಿನಲ್ಲಿ ಎಲ್ಲಿ ಕಟ್ ಆಗಿದೆ ಅಂತ ಹುಡುಕುವ ಕೆಲಸ. ಇದು ನನಗೆ ತುಂಬ ಇಷ್ಟವಾದ ಭಾಗ, ಸ್ವಲ್ಪ ವಿವರವಾಗಿ ಹೇಳುತ್ತೇನೆ.

ಡಿಸ್ಕಾರ್ಡ್ ಮುಚ್ಚಿ, ಸದ್ದು ರೆಕಾರ್ಡ್ ಮಾಡಿ ಅದರ ಅಲೆ ತೋರಿಸುವ ಸಾಫ್ಟ್‌ವೇರ್ ಅಡಾಸಿಟಿ ತೆಗೆದೆ. ಡಿಸ್ಕಾರ್ಡಿನಲ್ಲಿ ಗದ್ದಲ ಅಳಿಸುವ ಸೌಲಭ್ಯ ಇದೆಯಲ್ಲ, ಅದು ಚರಚರ ಸದ್ದನ್ನೇ ಗದ್ದಲ ಅಂದುಕೊಂಡು ನುಂಗಿಬಿಡುತ್ತದೆ. ಮಾತಾಡುವಾಗ ಅದು ಒಳ್ಳೆಯದು, ತಪ್ಪು ಹುಡುಕುವಾಗ ಬೇಡ.

ಹೆಡ್‌ಸೆಟ್ ತಲೆಗೆ ಹಾಕಿಕೊಂಡು ರೆಕಾರ್ಡಿಂಗ್ ಶುರು ಮಾಡಿದೆ. ಪ್ಲಗ್ಗಿನಿಂದ ಹಿಡಿದು ವೈರನ್ನು ಗೇಣು ಗೇಣಾಗಿ ಮೆಲ್ಲಗೆ ಬಗ್ಗಿಸುತ್ತಾ ಹೋದೆ. ಕೈ ಎಲ್ಲಿದೆಯೋ ಆ ಜಾಗದ ಹೆಸರನ್ನು ಬಾಯಲ್ಲಿ ಹೇಳುತ್ತಾ ಇದ್ದೆ. "ಪ್ಲಗ್ ಬುಡ, ಪ್ಲಗ್ ಬುಡ, ಪ್ಲಗ್ ಬುಡ. ಗೇಣು ಒಂದು, ಗೇಣು ಒಂದು, ಗೇಣು ಒಂದು. ಗೇಣು ಎರಡು..." ಹೀಗೆ ಡಬ್ಬಿ, ಗಾಲಿ, ಸ್ಲೈಡರ್, ಕಪ್ಪಿನ ಬುಡ, ಕಡ್ಡಿಯ ಬುಡ, ಕಡ್ಡಿಯ ಬಾಗು. ಪಕ್ಕದ ಕೋಣೆಯಿಂದ ಅಪ್ಪ ಬಂದು ಇಣುಕಿ, ಸ್ವಲ್ಪ ಹೊತ್ತು ನೋಡಿ, ಏನೂ ಕೇಳದೆ ಹೋದರು.

ಆಮೇಲೆ ಕೇಳಿದೆ. ಗೇಣು ಒಂದರಿಂದ ಎಂಟರವರೆಗೆ ಎಲ್ಲವೂ ಕೇಳುತ್ತಿತ್ತು. ಸ್ಲೈಡರ್ ಅನ್ನುವಾಗ ಚರ್ ಅಂತ ಸದ್ದು. "ಪ್ಲಗ್ ಬುಡ" ಅಂತ ಮೂರು ಸಲ ಹೇಳಿದ್ದೆನಲ್ಲ, ರೆಕಾರ್ಡಿಂಗಿನಲ್ಲಿ ಇದ್ದದ್ದು ಬರೀ "ಪ್ಲ... ಡ". ಉಳಿದ ಕಡೆ ಅಲೆ ಚಪ್ಪಟೆ ಗೆರೆ. ಯಾವ ಮಾತು ಕಾಣೆಯಾಗಿದೆಯೋ ಅಲ್ಲೇ ತಂತಿ ಮುರಿದಿದೆ.

ಸ್ಲೈಡರಿನದು ಸುಲಭ. ಡಬ್ಬಿ ಬಿಚ್ಚಿ, ಐಸೋಪ್ರೊಪೈಲ್ ಆಲ್ಕೋಹಾಲ್ ಎರಡು ಹನಿ ಬಿಟ್ಟು ಇಪ್ಪತ್ತು ಸಲ ಆ ಕಡೆ ಈ ಕಡೆ ಓಡಿಸಿದೆ. ಚರ್ ನಿಂತಿತು.

ಮುಂದಿನ ಶನಿವಾರ

ಚಿಕ್ಕಪೇಟೆ ಮೆಟ್ರೋ ಸ್ಟೇಷನ್ನಿನಲ್ಲಿ ಇಳಿದು ಎಸ್‌ಪಿ ರೋಡಿಗೆ ನಡೆದೆ. ಅಂಗಡಿಯವರು ಕೇಳಿದ ಮೊದಲ ಪ್ರಶ್ನೆ: "ತ್ರೀ ಪೋಲಾ, ಫೋರ್ ಪೋಲಾ ಸರ್?" ಪ್ಲಗ್ಗಿನ ಮೇಲೆ ಎಷ್ಟು ಕಪ್ಪು ಗೆರೆ ಇದೆ ಅಂತ ಎಣಿಸಿದರೆ ಗೊತ್ತಾಗುತ್ತದೆ. ಎರಡು ಗೆರೆ ಇದ್ದರೆ ಮೂರು ಭಾಗ, ಅದರಲ್ಲಿ ಸ್ಪೀಕರ್ ಮಾತ್ರ. ಮೂರು ಗೆರೆ ಇದ್ದರೆ ನಾಲ್ಕು ಭಾಗ, ಮೈಕೂ ಸೇರಿದೆ. ಫೋರ್ ಪೋಲ್ ಮೆಟಲ್ ಪ್ಲಗ್ ಒಂದು, ಬಿಸಿ ತಾಗಿದರೆ ಕುಗ್ಗಿ ಬಿಗಿಯುವ ಹೀಟ್ ಶ್ರಿಂಕ್ ಟ್ಯೂಬ್ ಒಂದು ಮೀಟರ್, ಬೆಸುಗೆ ಚೆನ್ನಾಗಿ ಹಿಡಿಯಲಿ ಅಂತ ಹಚ್ಚುವ ಫ್ಲಕ್ಸ್ ಚಿಕ್ಕ ಡಬ್ಬಿ ತೆಗೆದುಕೊಂಡೆ. ಮೈಕಿನ ಕ್ಯಾಪ್ಸೂಲ್, ಅಂದರೆ ಕಡ್ಡಿಯ ತುದಿಯಲ್ಲಿ ಸದ್ದು ಹಿಡಿಯುವ ಭಾಗ, ಅದೂ ಒಂದಿರಲಿ ಅಂತ ಕೊಂಡೆ. ಎಲ್ಲ ಸೇರಿ ನೂರೈವತ್ತು ರೂಪಾಯಿ ದಾಟಲಿಲ್ಲ.

ಮನೆಗೆ ಬಂದು ಹಳೇ ಪ್ಲಗ್ಗನ್ನು ಒಂದು ಗೇಣು ವೈರಿನ ಸಮೇತ ಕತ್ತರಿಸಿದೆ. ಬುಡಕ್ಕೇ ಕತ್ತರಿಸಬೇಡಿ. ಆ ತುಂಡು ವೈರೇ ನಮ್ಮ ನಕ್ಷೆ. ಒಳಗೆ ಕೆಂಪು, ಹಸಿರು, ತಾಮ್ರದ ಬಣ್ಣ, ಬಿಳಿ, ಹೀಗೆ ನಾಲ್ಕು ತಂತಿ. ಮೀಟರನ್ನು ತಂತಿ ತುಂಡಾಗದೆ ಇದ್ದರೆ ಕೂಗುವ ಬೀಪ್ ಮೋಡಿಗೆ ಇಟ್ಟು, ಯಾವ ಬಣ್ಣ ಪ್ಲಗ್ಗಿನ ಯಾವ ಭಾಗಕ್ಕೆ ಹೋಗುತ್ತದೆ ಅಂತ ಒಂದೊಂದೇ ನೋಡಿದೆ. ತುದಿಗೆ ಹಸಿರು, ಅದು ಎಡಗಿವಿ. ಮೊದಲ ಉಂಗುರಕ್ಕೆ ಕೆಂಪು, ಬಲಗಿವಿ. ಎರಡನೇ ಉಂಗುರಕ್ಕೆ ತಾಮ್ರ, ಗ್ರೌಂಡ್, ಅಂದರೆ ಎಲ್ಲಕ್ಕೂ ಸೇರಿದ ಕರೆಂಟಿನ ವಾಪಸು ದಾರಿ. ಬುಡದ ಭಾಗಕ್ಕೆ ಬಿಳಿ, ಮೈಕು. ಬಿಳಿ ಮಾತ್ರ ಬೀಪ್ ಅನ್ನಲಿಲ್ಲ, ವೈರ್ ಬಗ್ಗಿಸಿದರೆ ಒಮ್ಮೆ ಅಂದು ಸುಮ್ಮನಾಯಿತು. ಬೇರೆ ಹೆಡ್‌ಸೆಟ್ಟಿನಲ್ಲಿ ಬಣ್ಣ ಬೇರೆ ಇರಬಹುದು. ಬಣ್ಣ ನಂಬಬೇಡಿ, ಮೀಟರ್ ನಂಬಿ.

ಈ ಜೋಡಣೆಗೆ ಸಿಟಿಐಎ ಅನ್ನುತ್ತಾರೆ. ಈಗಿನ ಫೋನು, ಲ್ಯಾಪ್‌ಟಾಪುಗಳಲ್ಲೆಲ್ಲ ಹೆಚ್ಚಾಗಿ ಇದೇ ಇದೆ. ಹಳೇ ಕೆಲವು ಫೋನುಗಳಲ್ಲಿ ಒಎಂಟಿಪಿ ಅಂತ ಇನ್ನೊಂದು ಪದ್ಧತಿ ಇತ್ತು. ಅದರಲ್ಲಿ ಗ್ರೌಂಡ್ ಮತ್ತು ಮೈಕು ಅದಲು ಬದಲು. ಒಂದರ ಹೆಡ್‌ಸೆಟ್ಟನ್ನು ಇನ್ನೊಂದಕ್ಕೆ ಹಾಕಿದರೆ ಮೈಕು ಕೆಲಸ ಮಾಡುವುದಿಲ್ಲ. ಹಾಡಿನಲ್ಲಿ ವಾದ್ಯ ಕೇಳುತ್ತದೆ, ಹಾಡುವವರ ದನಿ ಮಾತ್ರ ಎಲ್ಲೋ ದೂರ ಸರಿದಂತೆ ಇರುತ್ತದೆ. ಆ ಲಕ್ಷಣ ಕಂಡರೆ ಹೆಡ್‌ಸೆಟ್ ಬಿಚ್ಚುವ ಅಗತ್ಯವೇ ಇಲ್ಲ, ಜೋಡಣೆ ಬದಲಿಸುವ ಅಡಾಪ್ಟರ್ ಸಾಕು.

ಬೆಸುಗೆ ಹಾಕುವುದೇ ಕಷ್ಟದ ಕೆಲಸ. ಈ ತಂತಿಗಳು ಕೂದಲಿನಷ್ಟು ಸಣ್ಣ ಎಳೆಗಳ ಕಟ್ಟು. ಬಣ್ಣ ಅಂತ ಕಾಣುವುದು ಎನಾಮಲ್ ಲೇಪ, ಅದು ಕರೆಂಟ್ ದಾಟಲು ಬಿಡುವುದಿಲ್ಲ. ಜೊತೆಗೆ ಗಟ್ಟಿಯಾಗಲಿ ಅಂತ ಒಳಗೆ ನೈಲಾನ್ ದಾರ ಹೊಸೆದಿರುತ್ತಾರೆ. ಬ್ಲೇಡಿನಿಂದ ಕೆರೆದರೆ ಎಳೆಗಳು ತುಂಡಾಗುತ್ತವೆ. ನಾನು ಮಾಡಿದ್ದು ಹೀಗೆ. ದಾರವನ್ನು ಬಿಡಿಸಿ ಕತ್ತರಿಸಿದೆ. ತಂತಿಯ ತುದಿಗೆ ಫ್ಲಕ್ಸ್ ಹಚ್ಚಿದೆ. ಐರನ್ನಿನ ತುದಿಯಲ್ಲಿ ಒಂದು ಹನಿ ಸೀಸ ಕರಗಿಸಿಕೊಂಡು ತಂತಿಯನ್ನು ಅದರಲ್ಲಿ ಅದ್ದಿ ಹಿಡಿದೆ. ಮೂರು ನಾಲ್ಕು ಸೆಕೆಂಡು ಏನೂ ಆಗಲಿಲ್ಲ. ಆಮೇಲೆ ಸಣ್ಣ ಹೊಗೆ ಎದ್ದಿತು, ಕೆಂಪು ಬಣ್ಣ ಕಪ್ಪಾಯಿತು, ಥಟ್ಟನೆ ಸೀಸ ತಂತಿಯ ಮೇಲಕ್ಕೆ ಏರಿ ತುದಿ ಬೆಳ್ಳಗೆ ಹೊಳೆಯಿತು. ನಾಲ್ಕೂ ತಂತಿಗೆ ಹೀಗೆ ಮಾಡಿದೆ. ಕಿಟಕಿ ತೆಗೆದಿಟ್ಟು ಮಾಡಿ, ಆ ಹೊಗೆ ಒಳ್ಳೆಯದಲ್ಲ.

ಪ್ಲಗ್ಗಿನ ಭಾಗಗಳ ನಡುವೆ ಇರುವುದು ಪ್ಲಾಸ್ಟಿಕ್. ಶಾಖ ಜಾಸ್ತಿಯಾದರೆ ಮೆತ್ತಗಾಗಿ ಉಂಗುರಗಳು ಸರಿಯುತ್ತವೆ. ಪ್ಲಗ್ಗನ್ನು ಹಳೇ ಸಾಕೆಟ್ ಒಂದಕ್ಕೆ ಚುಚ್ಚಿಟ್ಟುಕೊಂಡು ಬೆಸುಗೆ ಹಾಕಿದರೆ ಅದು ನೆಟ್ಟಗೆ ನಿಲ್ಲುತ್ತದೆ, ಶಾಖವನ್ನೂ ಎಳೆದುಕೊಳ್ಳುತ್ತದೆ. ಪ್ಲಗ್ಗಿನ ಮುಚ್ಚಳ, ಹೀಟ್ ಶ್ರಿಂಕ್ ಎರಡನ್ನೂ ಮೊದಲೇ ವೈರಿಗೆ ಪೋಣಿಸಿಟ್ಟುಕೊಳ್ಳಬೇಕು. ಕೊನೆಗೆ ಮೀಟರಿನಲ್ಲಿ ಅಕ್ಕಪಕ್ಕದ ಭಾಗಗಳು ಒಂದಕ್ಕೊಂದು ತಾಗಿಲ್ಲ ಅಂತ ನೋಡಿಕೊಂಡು ಮುಚ್ಚಳ ತಿರುಗಿಸಿದೆ.

ರೆಕಾರ್ಡಿಂಗ್ ಹಾಕಿ "ಪ್ಲಗ್ ಬುಡ" ಅಂದೆ. ಮೂರಕ್ಕೆ ಮೂರೂ ಸಲ ಪೂರ್ತಿ ಕೇಳಿಸಿತು.

ಭಾನುವಾರ

ದನಿ ಕಡಿಯುತ್ತಿಲ್ಲ, ಆದರೆ ತುಂಬ ಸಣ್ಣ. ಬಾವಿಯೊಳಗಿಂದ ಮಾತಾಡಿದ ಹಾಗೆ. ಮೈಕಿನ ಲೆವೆಲ್ಸ್ ಪುಟದಲ್ಲಿ ಬೂಸ್ಟ್ ಅಂತ ಇದೆ, 10, 20, 30 ಡೆಸಿಬೆಲ್. ಮೂವತ್ತಕ್ಕೆ ಏರಿಸಿದೆ. ದನಿ ಏರಿತು, ಜೊತೆಗೆ ಸುಯ್ ಅನ್ನುವ ಸದ್ದೂ ಏರಿತು. ಬೂಸ್ಟು ಇದ್ದದ್ದನ್ನೆಲ್ಲ ಹಿಗ್ಗಿಸುತ್ತದೆಯೇ ಹೊರತು ಇಲ್ಲದ ದನಿಯನ್ನು ತರುವುದಿಲ್ಲ.

ಕಡ್ಡಿಯ ತುದಿಯ ಸ್ಪಂಜ್ ತೆಗೆದೆ. ಮೂರು ವರ್ಷದ ಉಸಿರಿನ ತೇವ, ಧೂಳು. ಕ್ಯಾಪ್ಸೂಲಿನ ಮುಂದಿನ ಬಟ್ಟೆ ಗಟ್ಟಿ ಪದರವಾಗಿತ್ತು. ಸ್ಪಂಜನ್ನು ಸೋಪಿನಲ್ಲಿ ತೊಳೆದು ಒಣಗಿಸಿದೆ. ಕ್ಯಾಪ್ಸೂಲ್ ಬದಲಿಸುವುದೇ ಸರಿ ಅನ್ನಿಸಿತು. ಹಿಂಭಾಗದಲ್ಲಿ ಎರಡು ಬಿಂದು ಇರುತ್ತವೆ. ಲೋಹದ ಮೈಗೆ ಗೆರೆಯಿಂದ ಸೇರಿಕೊಂಡಿರುವುದು ಗ್ರೌಂಡ್, ಇನ್ನೊಂದು ಸಿಗ್ನಲ್. ಐರನ್ ಎರಡು ಸೆಕೆಂಡಿಗಿಂತ ಜಾಸ್ತಿ ತಾಗಿಸಲಿಲ್ಲ, ಒಳಗಿನ ಪದರಕ್ಕೆ ಶಾಖ ಆಗದು.

ರಾತ್ರಿ ಎಲ್ಲರೂ ಸೇರಿದೆವು. ದನಿ ಚೆನ್ನಾಗಿ ಹೋಗುತ್ತಿತ್ತು. ಸ್ವಲ್ಪ ಹೊತ್ತಿಗೆ ಪುಣೆಯವನು ಕೇಳಿದ: "ಮಗಾ, ನಿಮ್ಮನೇಲಿ ಕುಕ್ಕರ್ ಮೂರು ಸಲ ಕೂಗ್ತು, ಆಫ್ ಮಾಡಲ್ವಾ?" ಅಡುಗೆಮನೆ ಎರಡು ಗೋಡೆ ಆಚೆ ಇದೆ. ಮೊದಲು ಯಾವತ್ತೂ ಹೀಗೆ ಕೇಳಿಸಿರಲಿಲ್ಲ.

ಹಳೇ ಕ್ಯಾಪ್ಸೂಲನ್ನು ಹೊಸದರ ಜೊತೆಗಿಟ್ಟು ಭೂತಗನ್ನಡಿಯಲ್ಲಿ ನೋಡಿದೆ. ಹಳೆಯದರ ಬೆನ್ನಿನಲ್ಲಿ ಸುತ್ತಲೂ ಸಣ್ಣ ಸಣ್ಣ ತೂತು. ನಾನು ತಂದದ್ದರ ಬೆನ್ನು ಮುಚ್ಚಿದೆ. ಆ ತೂತುಗಳು ಸುಮ್ನೆ ಇಟ್ಟದ್ದಲ್ಲ. ದೂರದ ಸದ್ದು ಪೊರೆಯ ಮುಂದಿನಿಂದಲೂ ಹಿಂದಿನಿಂದಲೂ ಹೆಚ್ಚುಕಡಿಮೆ ಒಂದೇ ಬಲದಲ್ಲಿ ತಳ್ಳುತ್ತದೆ, ಬಹುಪಾಲು ಒಂದನ್ನೊಂದು ಕಳೆದುಕೊಳ್ಳುತ್ತದೆ. ಬಾಯಿ ಹತ್ತಿರ ಇರುವುದರಿಂದ ನಮ್ಮ ಮಾತು ಮುಂದಿನಿಂದ ಜೋರಾಗಿ ತಳ್ಳುತ್ತದೆ, ಅದು ಉಳಿಯುತ್ತದೆ. ಬೆನ್ನು ಮುಚ್ಚಿದರೆ ನಾಲ್ಕೂ ದಿಕ್ಕಿನದು ಒಂದೇ. ಕಡ್ಡಿಯ ಎರಡೂ ಕಡೆ ಸೀಳು ಯಾಕೆ ಕೊಟ್ಟಿದ್ದಾರೆ ಅನ್ನುವುದು ಮೂರು ವರ್ಷ ಆದಮೇಲೆ ಅರ್ಥವಾಯಿತು.

ಗುರುವಾರ

ಬೆನ್ನಿಗೆ ತೂತಿರುವ ಕ್ಯಾಪ್ಸೂಲ್ ಆನ್‌ಲೈನಿನಲ್ಲಿ ತರಿಸಿದೆ. ಹಳೆಯದು 6 ಎಂಎಂ, ಇದೂ ಅಷ್ಟೇ. ಕೂರಿಸುವಾಗ ಬಿಸಿ ಅಂಟು ಹಾಕಲಿಲ್ಲ, ಹಾಕಿದರೆ ಬೆನ್ನಿನ ತೂತು ಮುಚ್ಚಿಹೋಗುತ್ತದೆ. ಹಳೇ ರಬ್ಬರ್ ಉಂಗುರವನ್ನೇ ತೊಳೆದು ಹಾಕಿದೆ. ಬೂಸ್ಟ್ 10ಕ್ಕೆ ಇಳಿಸಿದೆ. ಫ್ಯಾನ್ ಮೂರರಲ್ಲಿ ಇಟ್ಟು ರೆಕಾರ್ಡ್ ಮಾಡಿ ಕೇಳಿದೆ. ಮಾತಿನ ನಡುವಿನ ಬಿಡುವಿನಲ್ಲಿ ಗೆರೆ ಬಹುತೇಕ ಚಪ್ಪಟೆಯಾಗಿತ್ತು.

ಇನ್ನೂ ಒಂದು ಕೆಲಸ ಬಾಕಿ ಇದೆ. ಹೊಸ ಪ್ಲಗ್ಗಿನ ಬುಡದಲ್ಲಿ ವೈರ್ ಮತ್ತೆ ಅದೇ ಜಾಗದಲ್ಲಿ ಬಗ್ಗುತ್ತದೆ. ಕೆಟ್ಟುಹೋದ ಬಾಲ್‌ಪೆನ್ನಿನ ಸ್ಪ್ರಿಂಗನ್ನು ಅಲ್ಲಿಗೆ ಸುತ್ತಿ, ಮೇಲೆ ಹೀಟ್ ಶ್ರಿಂಕ್ ಹಾಕಬೇಕು ಅಂತಿದ್ದೇನೆ. ಸ್ಪ್ರಿಂಗ್ ಸಿಕ್ಕಿದೆ. ನಾಳೆ ರಾತ್ರಿ ಎಲ್ಲರೂ ಸೇರುವ ಮುಂಚೆ ಅದನ್ನು ಮುಗಿಸುತ್ತೇನೆ.