ತಾತ್ಕಾಲಿಕ ಪಟ್ಟಿ ಬಂದ ದಿನ

ಜುಲೈ ಮಳೆಗೆ ಉಡುಪಿ ಜಿಲ್ಲೆಯ ಶಾಲೆಗಳಿಗೆ ರಜೆ. ಬೆಳಿಗ್ಗೆ ಹತ್ತಕ್ಕೆ ವಾಟ್ಸಾಪ್‌ಗೆ ಪಿಡಿಎಫ್ ಬಂದು ಬಿತ್ತು: ಪ್ರಾಥಮಿಕ ಶಾಲಾ ಶಿಕ್ಷಕರ ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ, ಅಂದರೆ ಬಡ್ತಿಗೆ ಆಧಾರವಾಗುವ ಹಿರಿತನದ ಪಟ್ಟಿ. ಮಧ್ಯಾಹ್ನದೊಳಗೆ ಬೈಂದೂರಿನಿಂದ ಕಾರ್ಕಳದವರೆಗೆ ಒಂದೇ ಪ್ರಶ್ನೆ, "ನನ್ನ ನಂಬರ್ ಎಷ್ಟು ಮಾರಾಯ್ರೆ?" ನಂಬರ್ ಎಲ್ಲಿಗೂ ಓಡಿಹೋಗುವುದಿಲ್ಲ, ಓಡುವುದು ಆಕ್ಷೇಪಣೆಯ ಗಡುವು. ಅದು ಪಟ್ಟಿಯಲ್ಲಿ ಇರುವುದಿಲ್ಲ, ಜೊತೆಗಿನ ಪತ್ರದ ಕೊನೆಯ ಪ್ಯಾರಾದಲ್ಲಿ ಇರುತ್ತದೆ. ಹದಿನೈದು ದಿನ, ಕೆಲವೊಮ್ಮೆ ಏಳೇ ದಿನ. ಗುಂಪುಗಳಲ್ಲಿ ಪಟ್ಟಿ ಮಾತ್ರ ಹರಿದಾಡುತ್ತದೆ, ಪತ್ರವನ್ನು ಯಾರೂ ಫಾರ್ವರ್ಡ್ ಮಾಡುವುದಿಲ್ಲ.

ಆ ದಿನದ ತಕರಾರು ಎರಡು ಸಾಲಿನದ್ದು. ಒಂದೇ ನೇಮಕಾತಿಯಲ್ಲಿ ಬಂದ ಇಬ್ಬರು. ಮೇಲಿನ ಸಾಲಿನವರು ಕೆಲಸಕ್ಕೆ ಸೇರಿದ್ದು ನಾಲ್ಕು ದಿನ ಮೊದಲು, ಕೆಳಗಿನವರ ಆಯ್ಕೆ ಕ್ರಮಾಂಕ ಮೇಲಿನದ್ದು. ಯಾರು ಹಿರಿಯರು? ಸ್ಟಾಫ್ ರೂಮಿನಲ್ಲಿ ಕೇಳಿದರೆ ಹತ್ತರಲ್ಲಿ ಎಂಟು ಜನ ಮೊದಲು ಸೇರಿದವರೇ ಎನ್ನುತ್ತಾರೆ. 1957ರ ಕರ್ನಾಟಕ ಸರ್ಕಾರಿ ನೌಕರರ ಜ್ಯೇಷ್ಠತಾ ನಿಯಮಗಳು ಹಾಗೆನ್ನುವುದಿಲ್ಲ. ಒಂದೇ ಆಯ್ಕೆಯಲ್ಲಿ ನೇರವಾಗಿ ನೇಮಕಗೊಂಡವರ ನಡುವೆ ಲೆಕ್ಕಕ್ಕೆ ಬರುವುದು ಮೆರಿಟ್ ಕ್ರಮ. ಪಟ್ಟಿ ತಯಾರಿಸುವ ಕಡೆ ಎಕ್ಸೆಲ್‌ನಲ್ಲಿ 'ಸೇವೆಗೆ ಸೇರಿದ ದಿನಾಂಕ' ಕಾಲಮ್ಮಿಗೆ ಸಾರ್ಟ್ ಕೊಟ್ಟುಬಿಟ್ಟರೆ ಹೀಗೆ ಇಡೀ ಬ್ಯಾಚೇ ಮಗುಚಿ ಬೀಳುತ್ತದೆ.

ಇದಕ್ಕೆ ಹಾಕುವ ಆಕ್ಷೇಪಣೆ ಒಂದು ಪುಟ ಮೀರಬಾರದು. ಪಟ್ಟಿಯ ಕ್ರಮ ಸಂಖ್ಯೆ, ಕೆಜಿಐಡಿ (ಸರ್ಕಾರಿ ವಿಮಾ ಇಲಾಖೆಯ) ಸಂಖ್ಯೆ, ಇರುವ ನಮೂದು, ಇರಬೇಕಾದ ನಮೂದು, ಆಧಾರ. ನೇಮಕಾತಿ ಆದೇಶ, ಆಯ್ಕೆ ಪಟ್ಟಿಯ ಆ ಪುಟ, ಸೇವಾ ಪುಸ್ತಕದ ಮೊದಲ ಪುಟ, ಇವುಗಳ ಜೆರಾಕ್ಸ್ ಲಗತ್ತು. ಮೂವತ್ತು ವರ್ಷದ ಸೇವೆಯ ಗುಣಗಾನ ಬೇಡ, ಅದನ್ನು ಓದುವ ಪುರುಸೊತ್ತು ಕಚೇರಿಯಲ್ಲಿ ಕಡತ ನೋಡುವ ಯಾವ ವಿಷಯ ನಿರ್ವಾಹಕರಿಗೂ ಇಲ್ಲ. ಆಯ್ಕೆ ಪಟ್ಟಿ ಕೈಯಲ್ಲಿಲ್ಲದಿದ್ದರೆ ಹತ್ತು ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಕೇಳಬೇಕು. ಆದರೆ ಅದರ ಉತ್ತರಕ್ಕೆ 30 ದಿನ, ಆಕ್ಷೇಪಣೆಗೆ 15. ಹಾಗಾಗಿ ಅರ್ಜಿಯ ಪ್ರತಿಯನ್ನೇ ಲಗತ್ತಿಸಿ, ದಾಖಲೆ ಬಂದ ಮೇಲೆ ಸಲ್ಲಿಸುತ್ತೇನೆ ಎಂದು ಬರೆದು, ಆಕ್ಷೇಪಣೆಯನ್ನು ಗಡುವಿನೊಳಗೆ ಕೊಟ್ಟುಬಿಡಬೇಕು.

ಕರಾವಳಿಯಲ್ಲಿ ಹೆಚ್ಚು ಕಣ್ಣೀರು ಹಾಕಿಸುವುದು ಬೇರೆಯೇ ನಿಯಮ. ಉತ್ತರ ಕರ್ನಾಟಕದಿಂದ ಬಂದು ಇಲ್ಲಿ ವರ್ಷಗಟ್ಟಲೆ ಪಾಠ ಮಾಡಿದವರು ಕೋರಿಕೆ ವರ್ಗಾವಣೆಯಲ್ಲಿ ಊರಿಗೆ ಹೋಗುತ್ತಾರೆ. ಹೊಸ ಜಿಲ್ಲೆಯ ಪಟ್ಟಿಯಲ್ಲಿ ಅವರ ಜಾಗ, ಅವತ್ತು ಆ ವೃಂದದಲ್ಲಿ (ಅದೇ ದರ್ಜೆಯ ಹುದ್ದೆಗಳಲ್ಲಿ) ಇದ್ದ ಎಲ್ಲರಿಗಿಂತ ಕೆಳಗೆ. ಸಂಬಳ, ಪಿಂಚಣಿಗೆ ಹಳೆಯ ಸೇವೆ ಉಳಿಯುತ್ತದೆ, ಜ್ಯೇಷ್ಠತೆ ಮಾತ್ರ ಉಳಿಯುವುದಿಲ್ಲ. ಇದರ ಮೇಲೆ ಕೇಸು ಹಾಕಿ ಗೆಲ್ಲುವುದು ಕಷ್ಟ. ವಕೀಲರ ಫೀಸು ಉಳಿಸಿಕೊಳ್ಳಿ ಎನ್ನುವುದೇ ಪ್ರಾಮಾಣಿಕ ಸಲಹೆ.

ಆಕ್ಷೇಪಣೆ ತಿರಸ್ಕರಿಸಿ ಅಂತಿಮ ಪಟ್ಟಿ ಬಂದರೆ ಮುಂದಿನದ್ದು ಕೆಎಟಿ, ಅಂದರೆ ಸರ್ಕಾರಿ ನೌಕರರ ಸೇವಾ ತಕರಾರು ಕೇಳುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ. ನಮ್ಮ ಉಡುಪಿ, ದಕ್ಷಿಣ ಕನ್ನಡ ಎರಡೂ ಜಿಲ್ಲೆಗಳಿಗೆ ಬೆಂಗಳೂರಿನ ಪೀಠವೇ. ನೇರ ಹೈಕೋರ್ಟಿಗೆ ಹೋಗುವಂತಿಲ್ಲ. ಸುಪ್ರೀಂ ಕೋರ್ಟಿನ 1997ರ ಚಂದ್ರಕುಮಾರ್ ತೀರ್ಪಿನ ನಂತರ ಮೊದಲು ನ್ಯಾಯಮಂಡಳಿ, ಆಮೇಲೆ ಹೈಕೋರ್ಟಿನ ವಿಭಾಗೀಯ ಪೀಠ. (ಅನುದಾನಿತ ಶಾಲೆಯವರಿಗೆ ಈ ದಾರಿಯಿಲ್ಲ, ಅವರದ್ದು ಬೇರೆ ಕಥೆ.) ಅಂತಿಮ ಆದೇಶದಿಂದ ಒಂದು ವರ್ಷ ಕಾಲಾವಕಾಶ. ಕಾನೂನುಬದ್ಧ ಮನವಿಗೆ ಉತ್ತರವೇ ಬರದಿದ್ದರೆ ಆರು ತಿಂಗಳು ಕಾದು, ಅಲ್ಲಿಂದ ಒಂದು ವರ್ಷ. ಜುಲೈ 20ಕ್ಕೆ ಕೊಟ್ಟ ಮನವಿಗೆ ಗಡುವು ಮುಂದಿನ ಜನವರಿ 20ರಿಂದ ಓಡತೊಡಗುತ್ತದೆ. ಇಲ್ಲೇ ಹೆಚ್ಚಿನವರು ಎಡವುವುದು. "ಇನ್ನೊಂದು ಮನವಿ ಕೊಡಿ, ನೋಡುವ" ಎಂಬ ಮಾತು ನಂಬಿ ನಾಲ್ಕು ಮನವಿ ಕೊಡುತ್ತಾರೆ, ಮನವಿ ಮೇಲೆ ಮನವಿ ಕೊಟ್ಟರೆ ಗಡುವು ಬೆಳೆಯುವುದಿಲ್ಲ ಎಂದು 1989ರಲ್ಲೇ ಸುಪ್ರೀಂ ಕೋರ್ಟ್ ಹೇಳಿಯಾಗಿದೆ.

ಎರಡನೇ ಎಡವು, ಸರ್ಕಾರವನ್ನು ಮಾತ್ರ ಎದುರುವಾದಿ ಮಾಡುವುದು. ನೀವು ಮೇಲೆ ಹತ್ತಿದರೆ ಕೆಳಗಿಳಿಯುವವರೂ ಪಕ್ಷಗಾರರಾಗಬೇಕು. ಪಕ್ಕದ ಶಾಲೆಯವರ ಮೇಲೆ ಕೇಸು ಹಾಕಲು ಮುಜುಗರ, ನಾಳೆ ಸಮಾಲೋಚನಾ ಸಭೆಯಲ್ಲಿ ಮುಖ ನೋಡಬೇಕಲ್ಲ. ಆದರೆ ಅವರನ್ನು ಬಿಟ್ಟರೆ ಅರ್ಜಿ ನಿಲ್ಲುವುದು ಕಷ್ಟ. ನಡುವೆ ಬಡ್ತಿ ಕೌನ್ಸೆಲಿಂಗ್ ನಡೆದರೆ ಆ ಬಡ್ತಿ ಆದೇಶವನ್ನೂ ತಿದ್ದುಪಡಿ ಅರ್ಜಿ ಮೂಲಕ ಪ್ರಶ್ನಿಸಬೇಕು. ತಡೆಯಾಜ್ಞೆ ಸಿಗದಿದ್ದರೂ, ಬಡ್ತಿಗಳು ಅರ್ಜಿಯ ಅಂತಿಮ ಆದೇಶಕ್ಕೆ ಒಳಪಟ್ಟಿರುತ್ತವೆ ಎಂಬ ಒಂದು ಸಾಲನ್ನು ಕೇಳಿ ಪಡೆಯುವುದು ಮುಖ್ಯ.

ಜ್ಯೇಷ್ಠತೆ ಗೆದ್ದರೂ ಈಗ ಇನ್ನೊಂದು ಬಾಗಿಲಿದೆ. 2025ರ ಸೆಪ್ಟೆಂಬರ್ 1ರ ಸುಪ್ರೀಂ ಕೋರ್ಟ್ ತೀರ್ಪಿನಂತೆ ನಿವೃತ್ತಿಗೆ ಐದು ವರ್ಷದೊಳಗಿರುವವರು ಟಿಇಟಿ (ಶಿಕ್ಷಕರ ಅರ್ಹತಾ ಪರೀಕ್ಷೆ) ಇಲ್ಲದೆ ಸೇವೆಯಲ್ಲಿ ಮುಂದುವರಿಯಬಹುದು, ಆದರೆ ಬಡ್ತಿ ಬೇಕೆಂದರೆ ಪಾಸಾಗಲೇಬೇಕು. ಐವತ್ತಾರರ ವಯಸ್ಸಿನಲ್ಲಿ ಮೊಮ್ಮಗುವಿನ ಪಕ್ಕ ಕೂತು 150 ಅಂಕದ ಪರೀಕ್ಷೆಗೆ ಓದುವ ಚಿತ್ರ ತಮಾಷೆಯದ್ದಲ್ಲ.

ಆ ಎರಡು ಸಾಲಿನ ತಕರಾರಿನ ಆಕ್ಷೇಪಣೆ ಅವತ್ತೇ ಸಂಜೆ ಕಚೇರಿಯ ಟಪಾಲು ಮೇಜು ತಲುಪಿತು. ಎರಡು ಪ್ರತಿ: ಒಂದು ಕಚೇರಿಗೆ, ಸ್ವೀಕೃತಿ ಮೊಹರು ಬೀಳುವ ಇನ್ನೊಂದು ನಮಗೆ. ಹೊರಗೆ ಬಂದು ಕೊಡೆ ಬಿಡಿಸುವಷ್ಟರಲ್ಲಿ ಹನಿ ಬಿದ್ದು ಮೊಹರಿನ ದಿನಾಂಕ ಕಲಸಿಹೋಯಿತು. ಮತ್ತೆ ಒಳಗೆ ಹೋಗಿ, ಇನ್‌ವರ್ಡ್ ನಂಬರನ್ನೂ ತಾರೀಕನ್ನೂ ಬಾಲ್‌ಪೆನ್ನಿನಲ್ಲಿ ಬರೆಸಿಕೊಂಡು, ಪ್ಲಾಸ್ಟಿಕ್ ಫೈಲಿಗೆ ಹಾಕಿದ ಮೇಲೆಯೇ ಕುಂದಾಪುರದ ಬಸ್ಸು ಹತ್ತಿದ್ದು.