ಬೊಕಾಚಿಯೊನ ಕಥೆಯನ್ನು ಬೈಲಹೊಂಗಲದಲ್ಲಿ ತೆಗೆದರೆ

ನಮ್ಮ ಬೆಳಗಾವಿ ಕಡೆ ಕಿರುಚಿತ್ರ ಮಾಡೋ ಹುಡುಗರಿಗೆ ನಾನು ಮತ್ತೆ ಮತ್ತೆ ಹೇಳೋದು ಒಂದೇ: ಇಟಲಿಯ ಹಳೇ ಕಥೆಗಾರ ಬೊಕಾಚಿಯೊನ 'ಡೆಕಮೆರಾನ್' ಓದಿ. 1348ರ ಪ್ಲೇಗಿಗೆ ಹೆದರಿ ಫ್ಲಾರೆನ್ಸ್ ಬಿಟ್ಟ ಏಳು ಹೆಣ್ಣುಮಕ್ಕಳು, ಮೂವರು ಹುಡುಗರು ಹೇಳಿಕೊಂಡ ನೂರು ಕಥೆಗಳಿವೆ ಅದರಲ್ಲಿ.

1971ರಲ್ಲಿ ಇಟಲಿಯ ನಿರ್ದೇಶಕ ಪಸೋಲಿನಿ ಇದನ್ನು ಸಿನಿಮಾ ಮಾಡಿದಾಗ ಕಥೆಗಳನ್ನು ನೇಪಲ್ಸಿಗೆ ಎಳೆದು ತಂದ, ಪಾತ್ರಗಳ ಬಾಯಿಗೆ ಅಲ್ಲಿನ ಆಡುಮಾತು ಕೊಟ್ಟ, ನಟನೆ ಕಲಿಯದ ಎಷ್ಟೋ ಮಂದಿಯನ್ನು ಕ್ಯಾಮೆರಾ ಮುಂದೆ ನಿಲ್ಲಿಸಿದ. ಪ್ಲೇಗು, ಕಥೆ ಹೇಳೋ ಆ ಹತ್ತು ಜನ, ಎಲ್ಲ ಬಿಟ್ಟ. ಅಲ್ಲಿನವರೇ ಆದ ತಾವಿಯಾನಿ ಸೋದರರು 2015ರಲ್ಲಿ ಮತ್ತೆ ಸಿನಿಮಾ ಮಾಡಿದಾಗ ಅವನ್ನು ಉಳಿಸಿಕೊಂಡರು. ನೋಡೋಕೆ ಚೆಂದ, ಆದರೆ ಮಂದಿ ದೂರ ನಿಂತ ಹಾಗೆ ಅನಿಸುತ್ತೆ. ನನ್ನ ಓಟು ಪಸೋಲಿನಿಗೆ.

ಡೆಕಮೆರಾನಿನ ಲಿಸಬೆಟ್ಟಾಳ ಕಥೆ ನೋಡಿ. ಮೆಸಿನಾದ ಮೂವರು ವ್ಯಾಪಾರಿ ಅಣ್ಣಂದಿರು, ಒಬ್ಬಳೇ ತಂಗಿ. ಅಂಗಡಿ ನೋಡಿಕೊಳ್ಳೋ ಲೊರೆಂಜೊ ಮೇಲೆ ಅವಳಿಗೆ ಮನಸ್ಸು. ಅಣ್ಣಂದಿರಿಗೆ ಗೊತ್ತಾಗುತ್ತೆ, ಮನೆ ಮರ್ಯಾದೆ ಅಂತ ಬಾಯಿ ಬಿಡೋದಿಲ್ಲ, ದಿನಾ ಮಾತಾಡಿದ ಹಾಗೇ ನಗ್ತಾ ಹರಟ್ತಾ ಅವನನ್ನು ಊರ ಹೊರಗೆ ಕರ್ಕೊಂಡು ಹೋಗಿ ಕೊಂದು ಹೂತುಬಿಡ್ತಾರೆ. ಅವನು ಕನಸಲ್ಲಿ ಬಂದು ಜಾಗ ಹೇಳ್ತಾನೆ. ಅವಳು ಅವನ ತಲೆಯನ್ನು ತಂದು ಕುಂಡದಲ್ಲಿಟ್ಟು ಮೇಲೆ ಕಾಮಕಸ್ತೂರಿ ನೆಡುತ್ತಾಳೆ.

ಇದನ್ನು ಓದಿದಾಗ ನಮ್ಮ ಬೈಲಹೊಂಗಲದ ಸಣ್ಣಾಟ, ಅಂದರೆ ಜಾನಪದ ನಾಟಕ, 'ಸಂಗ್ಯಾ ಬಾಳ್ಯಾ' ನೆನಪಾಗದೇ ಇರುತ್ತಾ? ಅಲ್ಲಿ ಗಂಗಿಯ ಗಂಡ ಈರ್ಯಾ ತಮ್ಮಂದಿರ ಜೊತೆ ಸೇರಿ, ಗಂಗಿಯ ಜೊತೆ ಸಂಬಂಧ ಇಟ್ಟುಕೊಂಡ ಸಂಗ್ಯಾನನ್ನು ಮುಗಿಸ್ತಾನೆ, ಹಿಡಿದುಕೊಡೋನು ಜೀವದ ಗೆಳೆಯ ಬಾಳ್ಯಾ. ಸಣ್ಣಾಟ ನೋಡಿ ಬೆಳೆದ ನಮ್ಮ ಮಂದಿಗೆ ಲಿಸಬೆಟ್ಟಾಳ ಅಣ್ಣಂದಿರನ್ನು ಬಿಡಿಸಿ ಹೇಳಬೇಕಾಗಿಲ್ಲ. ಹಾಗಾಗಿ ಕೊಲೆ ತೋರಿಸೋದು ಬೇಡ. ಜೋಳದ ಹೊಲದ ಬದುವಿನ ಮೇಲೆ ನಾಲ್ವರೂ ನಗ್ತಾ ಹೋಗೋದನ್ನ ಜಾಸ್ತಿ ಹೊತ್ತು ತೋರಿಸಿ, ಸಾಕು. ಮಾತು ಮಾತ್ರ ಆ ಊರಿನದೇ ಇರಲಿ, ಪುಸ್ತಕದ ಕನ್ನಡ ಹಾಕಿದರೆ ಆ ನಗು ಸುಮ್ನೆ ಸತ್ತು ಹೋಗುತ್ತೆ.

ವಿಡಂಬನೆ ಇನ್ನೂ ಕಷ್ಟ. ಡೆಕಮೆರಾನಿನ ಇನ್ನೊಂದು ಕಥೆಯಲ್ಲಿ ಚಿಪೊಲ್ಲಾ ಅನ್ನೋ ಸನ್ಯಾಸಿ ದೇವದೂತ ಗೇಬ್ರಿಯಲ್‌ನ ಗರಿ ತೋರಿಸ್ತೀನಿ ಅಂತ ಊರನ್ನೇ ಸೇರಿಸ್ತಾನೆ. ಅದು ಗಿಳಿಯ ಗರಿ. ಇಬ್ಬರು ತುಂಟರು ಗರಿ ಕದ್ದು ಇದ್ದಿಲು ತುಂಬಿಟ್ಟಿರ್ತಾರೆ. ಪೆಟ್ಟಿಗೆ ತೆಗೆದವನು ಸ್ವಲ್ಪವೂ ತಡವರಿಸದೆ, ಇದು ಸಂತ ಲಾರೆನ್ಸ್‌ನನ್ನು ಸುಟ್ಟ ಇದ್ದಿಲು, ದೇವರೇ ಪೆಟ್ಟಿಗೆ ಬದಲಿಸಿದ್ದಾನೆ ಅಂತಾನೆ! ಮಂದಿ ಮುಗಿಬಿದ್ದು ಬಟ್ಟೆ ಮೇಲೆ ಆ ಇದ್ದಿಲಿನಿಂದ ಶಿಲುಬೆ ಬರೆಸಿಕೊಳ್ತಾರೆ. ಇಲ್ಲಿ ನಂಬಿದ ಮಂದಿಯನ್ನು ಪೆದ್ದರ ಹಾಗೆ ತೋರಿಸಿದರೆ ಕಥೆ ಕೆಟ್ಟಿತು. ಅವನ ಮಾತಿನ ವೇಗಕ್ಕೆ ನೋಡುವವರೂ ಒಂದು ಕ್ಷಣ ತಲೆದೂಗಬೇಕು. ಈ ಪಾತ್ರಕ್ಕೆ ನಮ್ಮ ಶ್ರೀಕೃಷ್ಣ ಪಾರಿಜಾತ ಬಯಲಾಟದ ಕಲಾವಿದರನ್ನೇ ಕರೆಯಿರಿ, ನಿಂತಲ್ಲೇ ಮಾತು ಕಟ್ಟೋದು ಅವರಿಗೆ ರೂಢಿ. ಸಂಭಾಷಣೆ ಪೂರ್ತಿ ಬರೆದು ಕೈಗೆ ಕೊಡಬೇಡಿ.